ಶಿವಾಜಿನಗರದ ಮರಿಯಮ್ಮನಿಗೆ ಸೀರೆ ಉಡಿಸಿದ್ದು ಯಾರು?

ನಿಮ್ಮ ಪ್ರಶ್ನೆ ಇದು: ಬೆಂಗಳೂರಿನ ಕಥೋಲಿಕ ಚರ್ಚುಗಳಲ್ಲಿ ಮರಿಯಮ್ಮನಿಗೆ ಸೀರೆ ಉಡಿಸ್ತಾರೆ, ತೇರು ಎಳೀತಾರೆ, ಕೆಲವು ಕಡೆ ಆರತಿ, ಎಣ್ಣೆದೀಪ, ಪಾದ್ರಿಗಳ ಮೈಮೇಲೆ ಶಾಲು. ಇದೆಲ್ಲ ಹಳೇ ಮಿಷನರಿಗಳ ಕಾಲದಿಂದ ನಡೆದುಬಂದದ್ದೋ, ಮತಾಂತರಕ್ಕೆಂದು ಈಚೆಗೆ ತೊಟ್ಟ ವೇಷವೋ?

ಇವುಗಳನ್ನು ಒಂದೇ ಗಂಟಿಗೆ ಕಟ್ಟಿದರೆ ಉತ್ತರ ಸಿಗುವುದಿಲ್ಲ. ನೀವು ಹೆಸರಿಸಿದ ಆಚರಣೆಗಳ ಹಿಂದೆ ಮೂರು ಬೇರೆ ಬೇರೆ ಕೈಗಳಿವೆ. 17ನೇ ಶತಮಾನದ ಜೆಸ್ವಿಟ್ (ಯೇಸುಸಭೆ ಎಂಬ ಕಥೋಲಿಕ ಸಂಸ್ಥೆಯ) ಪಾದ್ರಿಗಳದ್ದು ಒಂದು, ವಲಸೆ ಬಂದ ಭಕ್ತರದ್ದು ಇನ್ನೊಂದು, 1969ರಲ್ಲಿ ರೋಮಿನಿಂದ, ಅಂದರೆ ಪೋಪರ ಆಡಳಿತದಿಂದ, ಬಂದ ಒಂದು ಅನುಮತಿ ಪತ್ರ ಮೂರನೆಯದು. ಮೊದಲನೆಯದಕ್ಕೂ ಮೂರನೆಯದಕ್ಕೂ ನಡುವೆ ಸುಮಾರು 200 ವರ್ಷ ರೋಮಿನದೇ ನಿಷೇಧ ಇತ್ತು. ಹಾಗಾಗಿ ‘ಅನಾದಿಯಿಂದ ಬಂದ ಸಂಪ್ರದಾಯ’ ಎನ್ನುವವರೂ ‘ನಿನ್ನೆ ಮೊನ್ನೆಯ ತಂತ್ರ’ ಎನ್ನುವವರೂ ಅರ್ಧ ಮಾತ್ರ ನೋಡಿದ್ದಾರೆ.

ಜೆಸ್ವಿಟರಿಂದ ಶುರು ಮಾಡೋಣ. ಇಟಲಿಯ ರೊಬೆರ್ತೊ ದೆ ನೊಬಿಲಿ 1606ರಲ್ಲಿ ಮಧುರೆಗೆ ಬಂದಾಗ ಅಲ್ಲಿ ಗೊನ್ಸಾಲೊ ಫೆರ್ನಾಂದಿಸ್ ಎಂಬ ಪಾದ್ರಿ ಆಗಲೇ ಇದ್ದರು. ಅವರ ಬಳಿ ಬರುತ್ತಿದ್ದವರು ಕರಾವಳಿಯಿಂದ ಬಂದ ಮೀನುಗಾರ ಸಮುದಾಯದ ಪರವರು, ಪೋರ್ಚುಗೀಸರು. ಊರಿನ ಮೇಲ್ಜಾತಿಯವರು ಹತ್ತಿರ ಸುಳಿಯುತ್ತಿರಲಿಲ್ಲ. ಪೋರ್ಚುಗೀಸರು ದನದ ಮಾಂಸ ತಿನ್ನುತ್ತಾರೆ, ಹೆಂಡ ಕುಡಿಯುತ್ತಾರೆ, ಕ್ರೈಸ್ತನಾಗುವುದೆಂದರೆ ಅವರ ಜಾತಿಗೆ ಸೇರುವುದು ಎಂದೇ ಜನ ತಿಳಿದಿದ್ದರು. ನೊಬಿಲಿ ಬೇರೆ ಮನೆ ಮಾಡಿದರು. ಕಾವಿ ಬಟ್ಟೆ, ಮರದ ಪಾದುಕೆ, ದಿನಕ್ಕೊಂದು ಹೊತ್ತಿನ ಸಸ್ಯಾಹಾರ, ಅದನ್ನು ಬೇಯಿಸಲು ಬ್ರಾಹ್ಮಣ ಅಡಿಗೆಯವನು. ಕೆಲ ಕಾಲ ಜನಿವಾರವನ್ನೂ ತೊಟ್ಟರು. ಅದರಲ್ಲಿ ಐದು ಎಳೆ: ಚಿನ್ನದ ಮೂರು ಎಳೆ ತಂದೆ, ಮಗ, ಪವಿತ್ರಾತ್ಮ ಎಂಬ ತ್ರಿತ್ವಕ್ಕೆ, ಉಳಿದೆರಡು ಯೇಸುವಿನ ದೇಹ ಮತ್ತು ಆತ್ಮಕ್ಕೆ, ತುದಿಯಲ್ಲಿ ಶಿಲುಬೆ. ಆಮೇಲೆ ತಾವೇ ಅದನ್ನು ತೆಗೆದಿಟ್ಟರು.

ಅವರ ವಾದ ಸರಳ. ಜುಟ್ಟು, ಜನಿವಾರ, ಗಂಧ, ಸ್ನಾನ ಇವು ಲೋಕಾಚಾರ; ಪೂಜೆ ಯಾರಿಗೆ ಸಲ್ಲುತ್ತದೆ ಎಂಬುದಷ್ಟೇ ಮತಾಚಾರ. ಲೋಕಾಚಾರ ಬಿಡಿಸದೆ ಮತ ಬದಲಿಸಬಹುದು. ಫೆರ್ನಾಂದಿಸ್ ದೂರು ಬರೆದರು, ಗೋವದಲ್ಲಿ ವಿಚಾರಣೆ ನಡೆಯಿತು, ಕಡೆಗೆ 1623ರಲ್ಲಿ ಪೋಪ್ 15ನೇ ಗ್ರೆಗೊರಿ ಷರತ್ತಿನ ಮೇಲೆ ಒಪ್ಪಿಗೆ ಕೊಟ್ಟರು.

ಕನ್ನಡ ನಾಡಿಗೆ ಇದೇ ಪದ್ಧತಿಯನ್ನು ತಂದವರು ಲಿಯೊನಾರ್ಡೊ ಚಿನ್ನಮಿ. 1640ರ ದಶಕದ ಕೊನೆಯಲ್ಲಿ, ಕಂಠೀರವ ನರಸರಾಜ ಒಡೆಯರ ಆಳ್ವಿಕೆಯಲ್ಲಿ, ಶ್ರೀರಂಗಪಟ್ಟಣಕ್ಕೆ ಬಂದು ಮೈಸೂರು ಮಿಷನ್ ಆರಂಭಿಸಿದರು. ಕನ್ನಡ ಕಲಿತು ವ್ಯಾಕರಣ, ಧರ್ಮೋಪದೇಶದ ಪುಸ್ತಕ ಬರೆದರು. ಕನ್ನಡಕ್ಕೆ ಮಿಷನರಿಗಳ ಸೇವೆ ಅಂದ ಕೂಡಲೇ ನಾವು ಕಿಟೆಲ್ ಹೆಸರು ಹೇಳುತ್ತೇವೆ. ಕಿಟೆಲ್ ಪ್ರಾಟೆಸ್ಟಂಟರು, ಬಾಸೆಲ್ ಮಿಷನ್‌ನವರು, ಅವರ ನಿಘಂಟು ಬಂದದ್ದು 1894ರಲ್ಲಿ. ಚಿನ್ನಮಿ ಅದಕ್ಕಿಂತ 200 ವರ್ಷಕ್ಕೂ ಹೆಚ್ಚು ಹಿಂದಿನವರು. ಅವರ ಹೆಸರು ನಮ್ಮ ಪಠ್ಯಗಳಲ್ಲಿ ಕಾಣದಿರುವುದು ನನಗೆ ಬೇಸರದ ಸಂಗತಿ.

ಇಲ್ಲಿ ಬಹಳ ಜನ ಎಡವುತ್ತಾರೆ. ಆ ಪಾದ್ರಿಗಳು ಸಂನ್ಯಾಸಿಯ ಉಡುಪು ತೊಟ್ಟರು, ಕನ್ನಡದಲ್ಲಿ ಉಪದೇಶ ಮಾಡಿದರು, ಜಪ ಕಲಿಸಿದರು. ಬಲಿಪೂಜೆ (ಚರ್ಚಿನ ಮುಖ್ಯ ಆರಾಧನೆ, ಮಾಸ್) ಮಾತ್ರ ಲ್ಯಾಟಿನ್‌ನಲ್ಲೇ ನಡೆಯುತ್ತಿತ್ತು. ಪೂಜೆಯ ಒಳಗೆ ಕನ್ನಡ ಬಂದದ್ದು ಕಥೋಲಿಕ ಬಿಷಪ್ಪರ ಜಾಗತಿಕ ಸಭೆಯಾದ ಎರಡನೇ ವ್ಯಾಟಿಕನ್ ಮಹಾಸಭೆ 1963ರ ಡಿಸೆಂಬರಿನಲ್ಲಿ ದೇಶಭಾಷೆಗಳಿಗೆ ದಾರಿ ತೆರೆದ ಮೇಲೆ. ಯಾರಾದರೂ ‘ಶ್ರೀರಂಗಪಟ್ಟಣದಲ್ಲಿ 1650ರಲ್ಲೇ ಕನ್ನಡ ಪೂಜೆ’ ಎಂದರೆ ನಂಬಬೇಡಿ.

ಈ ಪದ್ಧತಿಗೆ ತೆತ್ತ ಬೆಲೆಯನ್ನೂ ಹೇಳಲೇಬೇಕು. ಜಾತಿ ಲೋಕಾಚಾರ ಎಂದು ಒಪ್ಪಿದ ಮೇಲೆ ಅದು ಚರ್ಚಿನ ಒಳಕ್ಕೂ ಬಂತು. ಬ್ರಾಹ್ಮಣರ ನಡುವೆ ಕೆಲಸ ಮಾಡುವವರು ಸಂನ್ಯಾಸಿಗಳಾದರು, ಉಳಿದವರಿಗೆ 1640ರಿಂದ ಪಂಡಾರಸ್ವಾಮಿಗಳು ಎಂಬ ಬೇರೆ ವರ್ಗ ಹುಟ್ಟಿತು. ಹೊಲೆಮಾದಿಗರ ಮನೆಗೆ ಹೋಗಿ ಸಾಯುವವರಿಗೆ ಸಂಸ್ಕಾರ ಕೊಡಲು ಪಾದ್ರಿಗಳು ಹಿಂಜರಿಯುವ ಪರಿಸ್ಥಿತಿ ಬಂತು. ಜಗಳ ಮತ್ತೆ ರೋಮಿಗೆ ಹೋಯಿತು. 1704ರಲ್ಲಿ ಪೋಪರ ಪ್ರತಿನಿಧಿ ಟೂರ್ನೋನ್ ಪಾಂಡಿಚೇರಿಯಲ್ಲಿ ಕೂತು 16 ಅಂಶಗಳ ಆಜ್ಞೆ ಹೊರಡಿಸಿದರು. ಅದನ್ನು ಓದಿದರೆ ಜಗಳ ಎಷ್ಟು ಸಣ್ಣ ಸಣ್ಣ ವಿಷಯಗಳವರೆಗೆ ಇಳಿದಿತ್ತೆಂದು ಗೊತ್ತಾಗುತ್ತದೆ. ಆಗಿನ ಜ್ಞಾನಸ್ನಾನದ (ಬ್ಯಾಪ್ಟಿಸಮ್) ವಿಧಿಯಲ್ಲಿ ಪಾದ್ರಿ ತನ್ನ ಎಂಜಲನ್ನು ಮಗುವಿನ ಕಿವಿಗೂ ಮೂಗಿಗೂ ಸೋಕಿಸಬೇಕಿತ್ತು. ಎಂಜಲೆಂದರೆ ನಮ್ಮವರಿಗೆ ಮೈಲಿಗೆ, ಆದ್ದರಿಂದ ಜೆಸ್ವಿಟರು ಅದನ್ನು ಬಿಟ್ಟಿದ್ದರು. ಟೂರ್ನೋನ್ ಬಿಡುವಂತಿಲ್ಲ ಎಂದರು. ಪಿಳ್ಳಾರಿಯ (ಗಣಪತಿಯ) ರೂಪವಿರುವ ತಾಳಿ ಬೇಡ, ಮದುವೆಯಲ್ಲಿ ತೆಂಗಿನಕಾಯಿ ಒಡೆಯುವುದು ಬೇಡ, ಹಣೆಗೆ ವಿಭೂತಿ ಬೇಡ, ಕ್ರೈಸ್ತ ವಾದ್ಯದವರು ಗುಡಿಯ ಉತ್ಸವದಲ್ಲಿ ನುಡಿಸುವುದು ಬೇಡ, ಮುಟ್ಟಾದ ಹೆಂಗಸರನ್ನು ಪೂಜೆಯಿಂದ ಹೊರಗಿಡುವುದು ಬೇಡ, ಕೆಳಜಾತಿಯ ರೋಗಿಯ ಮನೆಯೊಳಕ್ಕೆ ಪಾದ್ರಿ ಹೋಗಲೇಬೇಕು. ಕೊನೆಯ ಎರಡನ್ನು ಓದುವಾಗ ನನ್ನ ಒಲವು ರೋಮಿನ ಕಡೆಗೆ, ಎಂಜಲಿನ ವಿಷಯದಲ್ಲಿ ಜೆಸ್ವಿಟರ ಕಡೆಗೆ. 1744ರಲ್ಲಿ 14ನೇ ಬೆನೆಡಿಕ್ಟ್ ನಿಷೇಧವನ್ನು ಖಾಯಂ ಮಾಡಿದರು. ಈ ಆಜ್ಞೆ ಪಾಲಿಸುತ್ತೇನೆಂದು ಮಿಷನರಿಗಳು ಪ್ರಮಾಣ ಮಾಡಬೇಕಿತ್ತು, ಆ ಪ್ರಮಾಣ ರದ್ದಾದದ್ದು 1940ರಲ್ಲಿ.

1773ರಲ್ಲಿ ಜೆಸ್ವಿಟ್ ಸಂಸ್ಥೆಯನ್ನೇ ಪೋಪ್ ವಿಸರ್ಜಿಸಿದರು. ಕೆಲಸ ಪ್ಯಾರಿಸ್ಸಿನ ವಿದೇಶಿ ಮಿಷನ್ ಸಂಘದ ಫ್ರೆಂಚರ ಕೈಗೆ ಹೋಯಿತು. ಅವರಲ್ಲಿ ಹೆಸರಾದವರು ಅಬ್ಬೆ ದುಬ್ವಾ. 1799ರಲ್ಲಿ ಟಿಪ್ಪು ಬಿದ್ದ ಮೇಲೆ ಮೈಸೂರು ಸೀಮೆಗೆ ಬಂದರು, ಹಾಸನದ ಕಡೆ ಸತ್ತಿಹಳ್ಳಿಯಲ್ಲಿ ಬೇಸಾಯದ ನೆಲೆ ಕಟ್ಟಿದರು, ಸಿಡುಬಿನ ಲಸಿಕೆ ಹಾಕಿಸಿದರು, ಇಲ್ಲಿಯವರ ಹಾಗೇ ಉಟ್ಟು ಉಂಡು ಬಾಳಿದರು. 1823ರಲ್ಲಿ ವಾಪಸಾದರು. ಅದೇ ವರ್ಷ ಅಚ್ಚಾದ ಪತ್ರಗಳಲ್ಲಿ ಅವರು ಬರೆದದ್ದೇನು ಗೊತ್ತೇ? 25 ವರ್ಷ ದುಡಿದು, ಒಬ್ಬ ದೇಶೀ ಪಾದ್ರಿಯ ನೆರವಿದ್ದೂ, ಒಟ್ಟು ಇನ್ನೂರರಿಂದ ಮುನ್ನೂರು ಜನರನ್ನು ಮತಕ್ಕೆ ತಂದೆ, ಅವರಲ್ಲಿ ಮೂರರಲ್ಲಿ ಎರಡು ಪಾಲು ಹೊಲೆಯರು ಇಲ್ಲವೇ ಭಿಕ್ಷುಕರು ಎಂದು. ವೇಷ ಹಾಕಿದರೆ ಜನ ತಂಡೋಪತಂಡವಾಗಿ ಮತಾಂತರವಾಗುತ್ತಾರೆ ಎಂದು ಅಂದುಕೊಂಡವರು ಈ ಒಪ್ಪಿಗೆಯ ಮಾತನ್ನು ಓದಬೇಕು.

ಈಗ ಶಿವಾಜಿನಗರಕ್ಕೆ ಬರೋಣ. ಆಗ ಅದು ಬ್ಲಾಕ್‌ಪಳ್ಳಿ. ತಮಿಳುನಾಡಿನ ಸೆಂಜಿ ಕಡೆಯಿಂದ ವಲಸೆ ಬಂದ ತಮಿಳು ಕ್ರೈಸ್ತರು ಹುಲ್ಲಿನ ಗುಡಿಸಲಲ್ಲಿ ಮರಿಯಮ್ಮನನ್ನು ಇಟ್ಟು ಪೂಜಿಸಿದರು ಎಂಬುದು ಅಲ್ಲಿಯವರ ನೆನಪು. ಈಗಿನ ಸೇಂಟ್ ಮೇರಿ ಬೆಸಿಲಿಕದ ಗಾಥಿಕ್ ಕಟ್ಟಡವನ್ನು ಫ್ರೆಂಚ್ ಪಾದ್ರಿ ಕ್ಲೈನರ್ ಕಟ್ಟಿಸಿದರು, 1882ರ ಸೆಪ್ಟೆಂಬರ್ 8ರಂದು ಅದರ ಪ್ರತಿಷ್ಠಾಪನೆ ಆಯಿತು. ಗಮನಿಸಿ, ನಿಷೇಧ ಜಾರಿಯಲ್ಲಿದ್ದ ಕಾಲ ಅದು. ಪಾದ್ರಿ ಕಟ್ಟಿಸಿದ್ದು ಚೂಪು ಕಮಾನು, ಎತ್ತರದ ಗೋಪುರ, ಬಣ್ಣದ ಗಾಜು, ಎಲ್ಲವೂ ಯುರೋಪಿನ ಮಾದರಿ. ಆ ಕಟ್ಟಡದೊಳಗೆ ಸೀರೆ, ತೇರು, ಹೂವು, ಹರಕೆ ಇವೆಲ್ಲ ಭಕ್ತರ ಕಡೆಯಿಂದ ಬಂದವು. ಆಗಸ್ಟ್ 29ಕ್ಕೆ ಬಾವುಟ ಏರಿಸಿ, ನವೇನ (ಒಂಬತ್ತು ದಿನದ ಪ್ರಾರ್ಥನೆ) ಮುಗಿಸಿ, ಸೆಪ್ಟೆಂಬರ್ 8ಕ್ಕೆ ತೇರು ಎಳೆಯುವ ಕ್ರಮ ವೇಳಾಂಕಣ್ಣಿಯದೂ ಹೌದು. ಆ ದಿನಗಳಲ್ಲಿ ಕಾವಿ ಬಣ್ಣದ ಬಟ್ಟೆ ಉಟ್ಟು ಬರುವವರು ಸಾಮಾನ್ಯ ಭಕ್ತರು, ಅವರಲ್ಲಿ ಹಿಂದೂಗಳೂ ಇರುತ್ತಾರೆ. ನೊಬಿಲಿಯ ಕಾವಿಗೂ ಈ ಹರಕೆಯ ಕಾವಿಗೂ ನಂಟು ಹಾಕಬೇಡಿ.

ಆರತಿ ಮತ್ತು ಶಾಲಿನ ಕಥೆ ಬೇರೆ, ಮತ್ತು ಅದರ ಮೂಲ ಬೆಂಗಳೂರೇ. 1967ರಲ್ಲಿ ಭಾರತದ ಧರ್ಮಾಧ್ಯಕ್ಷರು (ಬಿಷಪ್ಪರು) ಹಚಿನ್ಸ್ ರಸ್ತೆಯಲ್ಲಿ ಬೈಬಲ್, ಧರ್ಮೋಪದೇಶ, ಪೂಜಾವಿಧಿಗಳಿಗೆ ಮೀಸಲಾದ ಎನ್‌ಬಿಸಿಎಲ್‌ಸಿ ಕೇಂದ್ರ ಸ್ಥಾಪಿಸಿದರು. ಅದನ್ನು ಮುನ್ನಡೆಸಿದವರು ಫಾದರ್ ಡಿ.ಎಸ್. ಅಮಲೋರ್‌ಪವದಾಸ್. 1969ರ ಏಪ್ರಿಲ್ 25ರಂದು ರೋಮಿನಿಂದ 12 ಅಂಶಗಳಿಗೆ ಅನುಮತಿ ಬಂತು. ಚಪ್ಪಲಿ ಬಿಟ್ಟು ನೆಲದ ಮೇಲೆ ಕೂರಬಹುದು. ಮಂಡಿಯೂರುವ ಬದಲು ಕೈಮುಗಿದು ಬಾಗಬಹುದು. ಪಂಚಾಂಗ ಪ್ರಣಾಮ ಮಾಡಬಹುದು. ಪೀಠಕ್ಕೆ ಮುತ್ತಿಡುವ ಬದಲು ಮುಟ್ಟಿ ಕಣ್ಣಿಗೆ ಒತ್ತಿಕೊಳ್ಳಬಹುದು. ಶಾಂತಿಯ ಚುಂಬನದ ಜಾಗದಲ್ಲಿ ಕೈಮುಗಿಯಬಹುದು. ಧೂಪಕ್ಕೆ ಸರಪಳಿಯ ಧೂಪದಾನಿಯೇ ಆಗಬೇಕಿಲ್ಲ, ಹಿಡಿಯಿರುವ ಬಟ್ಟಲು ಸಾಕು. ಪೀಠದ ಮೇಲಿನ ಚೌಕ ಬಟ್ಟೆಯ ಬದಲು ತಾಂಬೂಲದ ತಟ್ಟೆ, ಮೇಣದಬತ್ತಿಯ ಬದಲು ಎಣ್ಣೆದೀಪ, ಉದ್ದನೆಯ ಪೂಜಾವಸ್ತ್ರಗಳ ಬದಲು ಸರಳ ನಿಲುವಂಗಿ ಮತ್ತು ಅಂಗವಸ್ತ್ರ. ಪಾದ್ರಿಯನ್ನು ಸ್ವಾಗತಿಸಲು ಒಂದು ಆರತಿ, ಕಾಣಿಕೆಯ ಹೊತ್ತಿಗೆ ಮತ್ತು ಮಹಾಪ್ರಾರ್ಥನೆಯ (ಬಲಿಪೂಜೆಯ ಕೇಂದ್ರ ಪ್ರಾರ್ಥನೆ) ಕೊನೆಗೆ ಹೂವು, ಧೂಪ, ದೀಪಗಳ ಆರತಿ. ಇನ್ನೊಂದು ಅಂಶ ಭಕ್ತರು ತಮ್ಮದೇ ಮಾತಲ್ಲಿ ಬೇಡಿಕೆ ಸಲ್ಲಿಸುವುದಕ್ಕೆ ಸಂಬಂಧಿಸಿದ್ದು. ಯಾವುದೂ ಕಡ್ಡಾಯವಲ್ಲ, ಆಯಾ ಧರ್ಮಾಧ್ಯಕ್ಷರ ನಿರ್ಧಾರ. ಮರಿಯಮ್ಮನ ಸೀರೆ, ತೇರು ಈ ಪಟ್ಟಿಯಲ್ಲಿ ಇಲ್ಲವೇ ಇಲ್ಲ. ಹಳ್ಳಿಗಳಲ್ಲಿ ಚಪ್ಪಲಿ ಬಿಟ್ಟು ನೆಲದ ಮೇಲೆ ಕೂರುವ ರೂಢಿ ಮೊದಲೇ ಇದ್ದ ಕಾರಣ ಮೊದಲ ಅಂಶ ಅವರಿಗೆ ಹೊಸದೂ ಆಗಿರಲಿಲ್ಲ.

ದೊಡ್ಡ ವಿರೋಧ ಬಂದದ್ದು ಕಥೋಲಿಕರ ಒಳಗಿಂದಲೇ. ‘ನಮ್ಮನ್ನು ಹಿಂದೂಗಳನ್ನಾಗಿ ಮಾಡುತ್ತಿದ್ದೀರಿ’ ಎಂದು ಅನೇಕರು ಸಿಟ್ಟಾದರು. ಭಾರತಕ್ಕೆಂದೇ ಪ್ರತ್ಯೇಕ ಮಹಾಪ್ರಾರ್ಥನೆ ರಚಿಸುವ ಪ್ರಯೋಗ, ಪೂಜೆಯಲ್ಲಿ ಇತರ ಧರ್ಮಗ್ರಂಥಗಳ ಪಠಣ, ಇವೆರಡನ್ನೂ ರೋಮ್ 1975ರಲ್ಲಿ ತಡೆಯಿತು. ದಲಿತ ಕ್ರೈಸ್ತರು ಎತ್ತಿದ ಪ್ರಶ್ನೆ ನನ್ನ ದೃಷ್ಟಿಯಲ್ಲಿ ಇವೆಲ್ಲಕ್ಕಿಂತ ತೂಕದ್ದು: ಭಾರತೀಯ ಎಂದು ನೀವು ಆರಿಸಿದ್ದೆಲ್ಲ ಮೇಲ್ಜಾತಿಯ ಗುಡಿಯ ಸಂಸ್ಕೃತಿ, ನಮ್ಮ ತಮಟೆ ಎಲ್ಲಿ? ನೊಬಿಲಿಯ ಜನಿವಾರಕ್ಕೆ ಕೇಳಬೇಕಿದ್ದ ಪ್ರಶ್ನೆಯೂ ಅದೇ.

ಮತಾಂತರದ ವಿಷಯ ನೇರವಾಗಿ ಹೇಳುತ್ತೇನೆ. ನೊಬಿಲಿ, ಚಿನ್ನಮಿ ವೇಷ ತೊಟ್ಟದ್ದು ಮತಾಂತರಕ್ಕಾಗಿಯೇ, ಅದನ್ನು ಅವರು ತಮ್ಮ ಪತ್ರಗಳಲ್ಲಿ ಮುಚ್ಚಿಟ್ಟಿಲ್ಲ. 1969ರ ಅಂಶಗಳು ಆಗಲೇ ಕ್ರೈಸ್ತರಾಗಿದ್ದವರ ಪೂಜೆಗೆ ಸಂಬಂಧಿಸಿದವು. ಸೀರೆ ಭಕ್ತರದ್ದು, ಅದರಲ್ಲಿ ತಂತ್ರ ಹುಡುಕುವುದು ಅನ್ಯಾಯ.

ನೀವೇ ಮುಂದೆ ಹುಡುಕುವುದಾದರೆ ಒಂದಿಷ್ಟು ಎಚ್ಚರ ಬೇಕು. 1773ಕ್ಕೆ ಹಿಂದಿನ ಮೈಸೂರು ಮಿಷನ್ ಜೆಸ್ವಿಟರ ಗೋವಾ ಪ್ರಾಂತ್ಯಕ್ಕೆ ಸೇರಿತ್ತು, ಮಧುರೆ ಮಲಬಾರ್ ಪ್ರಾಂತ್ಯಕ್ಕೆ. ಆದ್ದರಿಂದ ರೋಮಿನ ಪತ್ರಾಗಾರದಲ್ಲಿ ಚಿನ್ನಮಿಯವರನ್ನು ಗೋವಾ ಕಡತಗಳಲ್ಲಿ ಹುಡುಕಬೇಕು. ಆಮೇಲಿನದು ಪ್ಯಾರಿಸ್ಸಿನಲ್ಲಿದೆ. ಬೆಂಗಳೂರು ಪ್ರತ್ಯೇಕ ಧರ್ಮಪ್ರಾಂತ್ಯ (ಒಬ್ಬ ಧರ್ಮಾಧ್ಯಕ್ಷರ ಆಡಳಿತದ ಪ್ರದೇಶ) ಆದದ್ದು 1940ರಲ್ಲಿ, ಅದಕ್ಕೆ ಹಿಂದಿನದೆಲ್ಲ ‘ಮೈಸೂರು’ ಎಂಬ ಹೆಸರಿನಡಿ ಇರುತ್ತದೆ. ಜೆಸ್ವಿಟರ ಅಚ್ಚಾದ ಪತ್ರಗಳು ಯುರೋಪಿನ ಓದುಗರ ಮನ ಕರಗಿಸಲು ತಿದ್ದಿದವು, ಸಾಧ್ಯವಾದರೆ ಹಸ್ತಪ್ರತಿಯೊಂದಿಗೆ ಹೋಲಿಸಿ. ಹಿಂದೂಗಳ ಆಚಾರಗಳ ಬಗ್ಗೆ ದುಬ್ವಾ ಹೆಸರಲ್ಲಿರುವ ದೊಡ್ಡ ಪುಸ್ತಕವನ್ನು ಮೈಸೂರಿನ ಕಣ್ಣಾರೆ ವರದಿ ಎಂದು ಉದ್ಧರಿಸಬೇಡಿ. ಅದರ ದೊಡ್ಡ ಪಾಲು ಅವರಿಗಿಂತ ಹಿಂದಿನ ಜೆಸ್ವಿಟ್ ಕೂರ್ದೂ ಅವರ ಹಸ್ತಪ್ರತಿಯಿಂದ ಬಂದದ್ದು ಎಂದು 1980ರ ದಶಕದಲ್ಲಿ ಫ್ರೆಂಚ್ ವಿದ್ವಾಂಸೆ ಸಿಲ್ವಿಯಾ ಮೂರ್ ತೋರಿಸಿದ್ದಾರೆ. ಕೂರ್ದೂ ದುಡಿದದ್ದು ತೆಲುಗು ಸೀಮೆಯಲ್ಲಿ ಮತ್ತು ಪಾಂಡಿಚೇರಿಯಲ್ಲಿ.

ಹಳೇ ಧರ್ಮಕೇಂದ್ರಗಳ (ಪ್ಯಾರಿಷ್) ಜ್ಞಾನಸ್ನಾನದ ರಿಜಿಸ್ಟರುಗಳು ಇದೆಲ್ಲಕ್ಕಿಂತ ಜೀವಂತ ಆಧಾರ. ನೀವು ಹುಡುಕುವವರ ತಂದೆಯ ಹೆಸರು ಮತ್ತು ಐದಾರು ವರ್ಷದ ಅಂದಾಜು ಅವಧಿ ಬರೆದುಕೊಂಡು ಹೋಗಿ, ಆಫೀಸಿನಲ್ಲಿ ಗುರುಗಳ ಅನುಮತಿ ಕೇಳಿ. ಹೊಸ ಬಡಾವಣೆಯ ಚರ್ಚಾದರೆ ಅದು ಯಾವ ತಾಯಿ ಧರ್ಮಕೇಂದ್ರದಿಂದ ಒಡೆದದ್ದು ಎಂದು ಮೊದಲು ವಿಚಾರಿಸಿ, ಇಲ್ಲದಿದ್ದರೆ ಸುಮ್ಮನೆ ಓಡಾಟ. ನಮೂದುಗಳು ಲ್ಯಾಟಿನ್‌ನಲ್ಲಿರುತ್ತವೆ. ತಿಂಗಳು ‘7ಬ್ರಿಸ್’ ಎಂದಿದ್ದರೆ ಜುಲೈ ಎಂದು ಓದಬೇಡಿ, ಅದು ಸೆಪ್ಟೆಂಬರ್. 8 ಅಕ್ಟೋಬರ್, 9 ನವೆಂಬರ್, 10 ಡಿಸೆಂಬರ್. 1908ರ ನಂತರ ಮದುವೆಯ ವಿವರವನ್ನು ಜ್ಞಾನಸ್ನಾನದ ನಮೂದಿನ ಪಕ್ಕದಲ್ಲೇ ಬರೆಯುವ ನಿಯಮ ಬಂತು, ಹಾಗಾಗಿ ಅಂಚನ್ನು ತಪ್ಪದೆ ನೋಡಿ. ಹೆಸರು ಹೊಂದಿಸುವಾಗ ರಾಯಪ್ಪ ಎಂದರೆ ಪೇತ್ರ, ಚಿನ್ನಪ್ಪ ಎಂದರೆ ಪೌಲ, ಅರುಳಪ್ಪ ಎಂದರೆ ಯೊವಾನ್ನ, ಚೌರಪ್ಪ ಎಂದರೆ ಕ್ಸೇವಿಯರ್, ಇನ್ನಾಸಪ್ಪ ಎಂದರೆ ಇಗ್ನೇಷಿಯಸ್ ಎಂಬುದು ತಿಳಿದಿರಲಿ; ಮನೆಯಲ್ಲಿ ಚಿನ್ನಪ್ಪ, ರಿಜಿಸ್ಟರಿನಲ್ಲಿ ಪೌಲುಸ್. ಲೂರ್ದುಸ್ವಾಮಿ, ಲೂರ್ದಮ್ಮ ಎಂಬ ಹೆಸರು ಸಿಕ್ಕಿದರೆ ಆ ಹುಟ್ಟು 1858ಕ್ಕಿಂತ ಈಚಿನದು, ಫ್ರಾನ್ಸಿನ ಲೂರ್ದ್‌ನಲ್ಲಿ ಮರಿಯಮ್ಮ ಕಾಣಿಸಿಕೊಂಡರೆಂಬ ಸುದ್ದಿ ಹುಟ್ಟಿದ್ದು ಆ ವರ್ಷ.