ರಾವುಲ್ ಕುತಾರ್: ಯುದ್ಧಭೂಮಿಯಿಂದ ಬಂದ ಛಾಯಾಗ್ರಾಹಕ

ಪ್ರಶ್ನೆ: ನಮ್ಮೂರಿನ ಚಿತ್ರಸಮಾಜದವರು ಈಚೆಗೆ ಫ್ರೆಂಚ್ ನಿರ್ದೇಶಕ ಗೊದಾರ್ ಅವರ ‘ಬ್ರೆತ್‌ಲೆಸ್’ ತೋರಿಸಿದರು. ಸ್ಟುಡಿಯೊದ ಹಂಗಿಲ್ಲದ ಆ ಚಿತ್ರದ ಛಾಯಾಗ್ರಾಹಕ ಯಾರು? ಅವರು ಹೀಗೆ ಕೆಲಸ ಮಾಡಲು ಕಲಿತದ್ದೆಲ್ಲಿ?

ಉತ್ತರ: ಅವರು ರಾವುಲ್ ಕುತಾರ್. 1924ರಲ್ಲಿ ಪ್ಯಾರಿಸ್‌ನಲ್ಲಿ ಹುಟ್ಟಿದ ಅವರಿಗೆ ರಸಾಯನಶಾಸ್ತ್ರ ಓದುವ ಆಸೆಯಿತ್ತು. ಹಣದ ಅಡಚಣೆಯಿಂದ ಅದು ಕೈಗೂಡದೆ ಫೋಟೊ ಲ್ಯಾಬ್ ಸೇರಿದರು. ಬಳಿಕ ಇಂಡೋಚೀನಾ (ವಿಯೆಟ್ನಾಂ ಸುತ್ತಲಿನ ಫ್ರೆಂಚ್ ವಸಾಹತು) ಯುದ್ಧದಲ್ಲಿ ಸೇನೆಯ ಛಾಯಾಗ್ರಾಹಕರಾಗಿ ದುಡಿದು, ಸೇನೆ ಬಿಟ್ಟ ಮೇಲೂ ಪತ್ರಿಕೆಗಳಿಗೆ ಚಿತ್ರ ಒದಗಿಸುತ್ತ ವರ್ಷಗಟ್ಟಲೆ ಅಲ್ಲಿಯೇ ಉಳಿದರು. ಅವರ ನಿಜವಾದ ಪಾಠಶಾಲೆ ಅದೇ ಎಂದು ನನ್ನ ನಂಬಿಕೆ. ಕಣ್ಣೆದುರಿನ ಘಟನೆ ಮರುಕಳಿಸದ, ದೀಪ ಜೋಡಿಸಲು ಪುರುಸೊತ್ತಿಲ್ಲದ ಆ ಕಸುಬಿನಲ್ಲಿ ಪಳಗಿದವರಿಗೆ ಇದ್ದ ಬೆಳಕಿನಲ್ಲೇ ಕೆಲಸ ಮುಗಿಸುವುದು ಸಹಜವಾಗಿಬಿಡುತ್ತದೆ.

1959ರಲ್ಲಿ ಚಿತ್ರೀಕರಣಗೊಂಡ ‘ಬ್ರೆತ್‌ಲೆಸ್’ಗೆ ಬೇಕಾಗಿದ್ದುದೂ ಅದೇ. ಮಂದ ಬೆಳಕಿಗೂ ಸ್ಪಂದಿಸುವ ಇಲ್‌ಫೋರ್ಡ್ ಎಚ್‌ಪಿಎಸ್ ಫಿಲ್ಮ್ ಆಗ ಸ್ಥಿರಚಿತ್ರದ ಕ್ಯಾಮೆರಾಗಳಿಗಾಗಿ 17.5 ಮೀಟರ್ ಉದ್ದದ ಸುರುಳಿಗಳಲ್ಲಿ ಮಾತ್ರ ಸಿಗುತ್ತಿತ್ತು. ಆ ತುಂಡುಗಳನ್ನು ಒಂದಕ್ಕೊಂದು ಅಂಟಿಸಿ ಕ್ಯಾಮೆಫ್ಲೆಕ್ಸ್ ಕ್ಯಾಮೆರಾಕ್ಕೆ ತುಂಬಿದರು. ಲ್ಯಾಬಿನಲ್ಲಿ ಸಂಸ್ಕರಣೆಯ ಅವಧಿ ಹೆಚ್ಚಿಸಿ ಫಿಲ್ಮಿನ ಸಂವೇದನೆಯನ್ನು ಇನ್ನಷ್ಟು ಏರಿಸಿದರು. ಟ್ರಾಲಿಯ ಬದಲು ಗಾಲಿಕುರ್ಚಿಯಲ್ಲಿ ಕುತಾರ್ ಅವರನ್ನು ಕೂರಿಸಿ ತಳ್ಳಿದರು. ಷಾಂಜೆಲೀಸೆ ಬೀದಿಯಲ್ಲಿ ದಾರಿಹೋಕರ ಕಣ್ಣಿಗೆ ಬೀಳದಂತೆ ಅಂಚೆಯ ತಳ್ಳುಗಾಡಿಯೊಳಗೆ ಅಡಗಿಸಿದರು. ಕ್ಯಾಮೆರಾದ ಸದ್ದು ಜೋರಾಗಿದ್ದುದರಿಂದ ಮಾತುಗಳನ್ನೆಲ್ಲ ಆಮೇಲೆ ಡಬ್ ಮಾಡಬೇಕಾಯಿತು.

ಮುಂದಿನ ಚಿತ್ರಗಳಲ್ಲಿ ಅವರು ಪ್ರಖರ ಬಲ್ಬುಗಳನ್ನು ಚಾವಣಿಯತ್ತ ತಿರುಗಿಸಿ, ಅಲ್ಲಿಂದ ಪ್ರತಿಫಲಿಸುವ ಹದವಾದ ಬೆಳಕಿನಲ್ಲಿ ಒಳಾಂಗಣ ದೃಶ್ಯಗಳನ್ನು ಸೆರೆಹಿಡಿದರು. ನೆಲದ ಮೇಲೆ ದೀಪಗಳ ಅಡ್ಡಿಯಿಲ್ಲದ್ದರಿಂದ ನಟರು ಕೋಣೆಯ ತುಂಬ ಓಡಾಡಬಹುದಿತ್ತು. (ಪ್ರತಿಫಲಿತ ಬೆಳಕನ್ನು ಸತ್ಯಜಿತ್ ರೇ ಅವರ ಛಾಯಾಗ್ರಾಹಕ, ನಮ್ಮ ಸುಬ್ರತ ಮಿತ್ರ 1956ರ ‘ಅಪರಾಜಿತೋ’ದಲ್ಲೇ ಬಳಸಿದ್ದರೆಂಬುದನ್ನು ಇಲ್ಲಿ ನೆನೆಯಲೇಬೇಕು.)

ಪ್ರಶ್ನೆ: ಕುತಾರ್ ಕಪ್ಪು-ಬಿಳುಪಿನಲ್ಲಷ್ಟೇ ಹೆಸರು ಮಾಡಿದವರೇ? ನಿರ್ದೇಶನಕ್ಕೂ ಕೈಹಾಕಿದ್ದರೇ?

ಉತ್ತರ: ತ್ರುಫೋ ಅವರ ‘ಜೂಲ್ಸ್ ಅಂಡ್ ಜಿಮ್’ (1962) ಕಪ್ಪು-ಬಿಳುಪಿನದೇ ಆದರೂ, ಬಣ್ಣದಲ್ಲಿ ಅವರ ಹಿಡಿತ ಎಷ್ಟೆಂಬುದಕ್ಕೆ ಗೊದಾರ್ ಅವರ 1963ರ ‘ಕಂಟೆಂಪ್ಟ್’ ನೋಡಬೇಕು. ಅದರ ಮೊದಲ ದೃಶ್ಯದಲ್ಲಿ ಹಳಿಗಳ ಮೇಲೆ ನಮ್ಮತ್ತ ಸಾಗಿಬಂದು, ಕೊನೆಗೆ ಕ್ಯಾಮೆರಾದ ಮಸೂರವನ್ನು ನೇರ ಪ್ರೇಕ್ಷಕರತ್ತಲೇ ತಿರುಗಿಸುವ ವ್ಯಕ್ತಿ ಸ್ವತಃ ಕುತಾರ್. ಕಾಪ್ರಿ ದ್ವೀಪದ ಕಡಲಿನ ಆ ನೀಲಿ ಎಷ್ಟು ನೋಡಿದರೂ ತಣಿಯದು. ಕೋಸ್ಟಾ-ಗವ್ರಾಸ್ ಅವರ ‘ಜಡ್’ (1969) ಚಿತ್ರದ ಛಾಯಾಗ್ರಹಣವೂ ಅವರದೇ.

ನಿರ್ದೇಶನವನ್ನೂ ಮಾಡಿದರು. ವಿಯೆಟ್ನಾಂ ಯುದ್ಧದ ನಡುವೆ ಸಿಲುಕಿದ ಮಕ್ಕಳ ಕಥೆಯುಳ್ಳ ‘ಹೋವಾ-ಬಿನ್’ (1970) ಕಾನ್ ಉತ್ಸವದಲ್ಲಿ ಚೊಚ್ಚಲ ಕೃತಿಯ ಪ್ರಶಸ್ತಿ ಪಡೆದು, ಆಸ್ಕರ್‌ಗೂ ನಾಮನಿರ್ದೇಶನಗೊಂಡಿತು. ಛಾಯಾಗ್ರಹಣಕ್ಕೆ ಫ್ರಾನ್ಸಿನ ಚಲನಚಿತ್ರ ಪುರಸ್ಕಾರವಾದ ಸೀಸರ್ ಪ್ರಶಸ್ತಿ ತಂದುಕೊಟ್ಟದ್ದು 1977ರ ‘ಲ ಕ್ರಾಬ್-ತಾಂಬೂರ್’. ಅದರ ನಿರ್ದೇಶಕ ಪಿಯೆರ್ ಶೋಂಡೋರ್ಫರ್ ಕೂಡ ಇಂಡೋಚೀನಾದಲ್ಲಿ ಸೇನೆಯ ಕ್ಯಾಮೆರಾ ಹಿಡಿದವರೇ. 2001ರಲ್ಲಿ ನಿರ್ದೇಶಕ ಫಿಲಿಪ್ ಗರೆಲ್ ಅವರಿಗಾಗಿ ಕುತಾರ್ ಮತ್ತೊಮ್ಮೆ ಕಪ್ಪು-ಬಿಳುಪಿನಲ್ಲಿ ಚಿತ್ರೀಕರಿಸಿದರು. 2016ರಲ್ಲಿ, 92ನೆಯ ವಯಸ್ಸಿನಲ್ಲಿ ತೀರಿಕೊಂಡರು.