ಮನೆ ಪಿಸಿಯ ಗೇಮ್ ಸೆಟ್ಟಿಂಗ್ಸ್ ಹಾಸ್ಟೆಲ್ ಲ್ಯಾಪ್‌ಟಾಪಿಗೆ ಬರಬೇಕಾದರೆ

ಈ ಕಂತಿನಲ್ಲಿ ಕಂಪ್ಯೂಟರ್ ಆಟಗಳ ಸೆಟ್ಟಿಂಗ್ಸ್ ಬ್ಯಾಕಪ್ ಕುರಿತ ಪ್ರಶ್ನೆಗಳನ್ನಷ್ಟೇ ಆರಿಸಿಕೊಂಡಿದ್ದೇವೆ. ಇಲ್ಲಿ ಬರುವ ಫೈಲು, ಫೋಲ್ಡರುಗಳ ಹೆಸರನ್ನು ಓದಲು ಅನುಕೂಲವಾಗಲೆಂದು ಕನ್ನಡದಲ್ಲಿ ಕೊಟ್ಟಿದ್ದೇವೆ. ಕಂಪ್ಯೂಟರಿನಲ್ಲಿ ಇಂಗ್ಲಿಷ್ ಅಕ್ಷರಗಳಲ್ಲೇ ಟೈಪ್ ಮಾಡಬೇಕು.

ಪ್ರಶ್ನೆ: ದಾವಣಗೆರೆಯ ಮನೆಯಲ್ಲಿ ಡೆಸ್ಕ್‌ಟಾಪ್, ಮೈಸೂರಿನ ಹಾಸ್ಟೆಲಿನಲ್ಲಿ ಲ್ಯಾಪ್‌ಟಾಪ್ ಇದೆ. ಆಟಗಳನ್ನು ಕೊಂಡು ಆಡುವ ಸ್ಟೀಮ್ ತಾಣದ ಒಂದೇ ಖಾತೆಯಿಂದ ಎರಡರಲ್ಲೂ ಕೌಂಟರ್ ಸ್ಟ್ರೈಕ್ 2 ಆಡುತ್ತೇನೆ. ಕೀಗಳು ತಾವಾಗಿಯೇ ಬಂದವು, ಆದರೆ ಗುರಿ ಇಡುವಾಗ ಕೈ ಹಿಡಿತಕ್ಕೆ ಸಿಗುತ್ತಿಲ್ಲ. ಮನೆಯಲ್ಲಿ ಸೆಟ್ಟಿಂಗ್ಸ್ ಇರುವ ಸಿಎಫ್‌ಜಿ ಫೋಲ್ಡರನ್ನು ಪೂರ್ತಿ ತಂದು ಹಾಕಿದೆ. ಈಗ ಲ್ಯಾಪ್‌ಟಾಪಿನಲ್ಲಿ ಆಟ ತೆವಳುತ್ತಿದೆ.

ಉತ್ತರ: ಪೂರ್ತಿ ತಂದು ಹಾಕಿದ್ದೇ ಎಡವಟ್ಟು. ಸೆಟ್ಟಿಂಗ್ಸ್‌ನಲ್ಲಿ ಆಡುವವರ ಕೈಗೆ ಸೇರಿದ್ದು ಬೇರೆ, ಯಂತ್ರಕ್ಕೆ ಸೇರಿದ್ದು ಬೇರೆ. ಕೀ, ಸೆನ್ಸಿಟಿವಿಟಿ (ಮೌಸ್ ಸರಿಸಿದರೆ ನೋಟ ಎಷ್ಟು ತಿರುಗಬೇಕೆಂಬ ಲೆಕ್ಕ), ಕ್ರಾಸ್‌ಹೇರ್ (ಪರದೆಯ ನಡುವಿನ ಗುರಿಯ ಗುರುತು) ನಿಮ್ಮವು. ರೆಸಲ್ಯೂಶನ್, ರಿಫ್ರೆಶ್ ರೇಟ್, ನೆರಳಿನ ಗುಣಮಟ್ಟ ಆ ಗ್ರಾಫಿಕ್ಸ್ ಕಾರ್ಡಿನವು, ಆ ಪರದೆಯವು. ಈ ಆಟದಲ್ಲಂತೂ ಫೈಲಿನ ಹೆಸರೇ ಅದನ್ನು ಹೇಳಿಬಿಡುತ್ತದೆ. ಸ್ಟೀಮ್ ಫೋಲ್ಡರಿನಲ್ಲಿ ಯೂಸರ್‌ಡೇಟಾ, ಅದರೊಳಗೆ ನಿಮ್ಮ ಖಾತೆಯ ಸಂಖ್ಯೆ, ಆಮೇಲೆ 730 (ಸ್ಟೀಮ್‌ನಲ್ಲಿ ಈ ಆಟದ ಸಂಖ್ಯೆ), ಲೋಕಲ್, ಸಿಎಫ್‌ಜಿ ಎಂದು ಒಳಹೋಗಿ ನೋಡಿ. ‘ಸಿಎಸ್2_ಯೂಸರ್’ ಎಂದು ಶುರುವಾಗುವ ಎರಡು ಫೈಲುಗಳಲ್ಲಿ ಒಂದು ಕೀಗಳದ್ದು, ಇನ್ನೊಂದು ಸೆನ್ಸಿಟಿವಿಟಿ, ಕ್ರಾಸ್‌ಹೇರ್ ಮುಂತಾದವುಗಳದ್ದು. ತರಬೇಕಾದದ್ದು ಇವೆರಡನ್ನೇ. ‘ಸಿಎಸ್2_ಮಷೀನ್’ ಮತ್ತು ‘ಸಿಎಸ್2_ವಿಡಿಯೊ’ ಎಂಬವನ್ನು ಅಲ್ಲೇ ಬಿಡಿ. ವಿಡಿಯೊ ಫೈಲನ್ನು ನೋಟ್‌ಪ್ಯಾಡಿನಲ್ಲಿ ತೆರೆದರೆ ಮನೆಯ ಕಾರ್ಡಿನ ಗುರುತಿನ ಸಂಖ್ಯೆ, ಮನೆಯ ಮಾನಿಟರಿನ ಅಗಲ ಎತ್ತರ ಎಲ್ಲ ಅದರಲ್ಲೇ ಕಾಣುತ್ತವೆ. ಲ್ಯಾಪ್‌ಟಾಪಿನಲ್ಲಿ ಆ ಫೈಲನ್ನು ಅಳಿಸಿ ಆಟ ಶುರು ಮಾಡಿ, ಅದು ಹೊಸದನ್ನು ಬರೆದುಕೊಳ್ಳುತ್ತದೆ.

ಕೈಯಿಂದ ಫೈಲು ಹಾಕುವಾಗ ಸೆಟ್ಟಿಂಗ್ಸ್‌ನ ಪ್ರತಿಯನ್ನು ಇಂಟರ್ನೆಟ್ಟಿನಲ್ಲಿ ಇಟ್ಟುಕೊಳ್ಳುವ ಸ್ಟೀಮ್ ಕ್ಲೌಡ್ ಅಡ್ಡ ಬರಬಹುದು. ನೀವು ಹಾಕಿದ್ದರ ಮೇಲೆ ಅದು ತನ್ನ ಹಳೆಯ ಪ್ರತಿಯನ್ನು ಹೇರಿಬಿಡುತ್ತದೆ. ಹಾಗಾಗಿ ಲೈಬ್ರರಿಯಲ್ಲಿ ಆಟದ ಪ್ರಾಪರ್ಟೀಸ್, ಜನರಲ್‌ಗೆ ಹೋಗಿ ಆ ಒಂದು ಆಟದ ಕ್ಲೌಡ್ ಸ್ವಿಚ್ ಆಫ್ ಮಾಡಿ, ಸ್ಟೀಮ್‌ನಿಂದ ಪೂರ್ತಿ ಹೊರಬನ್ನಿ. ಫೈಲು ಹಾಕಿ, ಆಟ ತೆರೆದು ಸರಿ ಇದೆಯೇ ನೋಡಿ, ಮುಚ್ಚಿ, ಆಮೇಲೆ ಸ್ವಿಚ್ ಹಾಕಿ. ಎರಡು ಪ್ರತಿಗಳಲ್ಲಿ ಯಾವುದು ಬೇಕೆಂದು ಕೇಳಿದರೆ ಈ ಕಂಪ್ಯೂಟರಿನದನ್ನೇ ಆರಿಸಿ.

ಇನ್ನು ಕೈ ಹಿಡಿತದ ಮಾತು. ಇದಕ್ಕೆ ಫೈಲು ಕಾರಣವಲ್ಲ, ಬಹುತೇಕ ಮೌಸ್ ಕಾರಣ. ಆಟದೊಳಗಿನ ಸೆನ್ಸಿಟಿವಿಟಿಯನ್ನು ಮೌಸಿನ ಡಿಪಿಐಯಿಂದ (ಒಂದು ಇಂಚು ಸರಿಸಿದಾಗ ಮೌಸ್ ಕಳಿಸುವ ಎಣಿಕೆ) ಗುಣಿಸಿದಾಗ ಬರುವ ಸಂಖ್ಯೆ ಎರಡೂ ಕಡೆ ಒಂದೇ ಇರಬೇಕು. ಮನೆಯಲ್ಲಿ 800 ಡಿಪಿಐ, 1.2 ಸೆನ್ಸಿಟಿವಿಟಿ ಇದ್ದರೆ ಗುಣಲಬ್ಧ 960. ಹಾಸ್ಟೆಲಿನ ಮೌಸ್ 1600ರಲ್ಲಿದ್ದರೆ ಆಟದಲ್ಲಿ 0.6 ಇಡಬೇಕು. ಸ್ಕೇಲು ಇಟ್ಟು ಪರೀಕ್ಷಿಸಿ: 960ಕ್ಕೆ ಆಟಗಾರ ಪೂರ್ತಿ ಒಂದು ಸುತ್ತು ತಿರುಗಲು ಮೌಸ್ ಸುಮಾರು 43 ಸೆಂ.ಮೀ. ಸರಿಯಬೇಕು. ಮನೆಯಲ್ಲಿ 4:3 ಚಿತ್ರವನ್ನು ಅಗಲಕ್ಕೆ ಹಿಗ್ಗಿಸಿ ಆಡುತ್ತಿದ್ದು ಇಲ್ಲಿ 16:9 ಇದ್ದರೆ ಲೆಕ್ಕ ಸರಿ ಇದ್ದರೂ ಅಡ್ಡ ಚಲನೆ ನಿಧಾನ ಎನಿಸುತ್ತದೆ. ಅದು ಕಣ್ಣಿನ ಭ್ರಮೆ, ಸಂಖ್ಯೆ ಬದಲಿಸಲು ಹೋಗಬೇಡಿ.

ನೀವೇ ಬರೆದ ಆಟೊಎಕ್ಸೆಕ್ ಫೈಲು (ಆಟ ಶುರುವಾಗುವಾಗ ಜಾರಿಯಾಗುವ ಆದೇಶಗಳ ಪಟ್ಟಿ) ಇದ್ದರೆ ಅದು ಕ್ಲೌಡಿಗೆ ಹೋಗುವುದಿಲ್ಲ. ಅದರ ಜಾಗ ಆಟದ ಫೋಲ್ಡರಿನೊಳಗೆ ಗೇಮ್, ಸಿಎಸ್‌ಜಿಒ, ಸಿಎಫ್‌ಜಿ. (2023ರ ಸೆಪ್ಟೆಂಬರಿನಲ್ಲಿ ಆಟವೇ ಬದಲಾದರೂ ಫೋಲ್ಡರಿನ ಹೆಸರು ಮಾತ್ರ ‘ಗ್ಲೋಬಲ್ ಅಫೆನ್ಸಿವ್’ ಆಗಿಯೇ ಉಳಿದಿದೆ, ಹುಡುಕುವಾಗ ಗಲಿಬಿಲಿ ಬೇಡ.) ಹಾಕಿದರೂ ಕೆಲಸ ಮಾಡದಿದ್ದರೆ ಎಕ್ಸ್‌ಪ್ಲೋರರಿನ ವ್ಯೂ ಮೆನುವಿನಲ್ಲಿ ಫೈಲ್ ನೇಮ್ ಎಕ್ಸ್‌ಟೆನ್ಶನ್ಸ್ ಕಾಣುವಂತೆ ಮಾಡಿ. ನೋಟ್‌ಪ್ಯಾಡ್ ಬಾಲಕ್ಕೆ ಒಂದು ‘.ಟಿಎಕ್ಸ್‌ಟಿ’ ಅಂಟಿಸಿರುವುದೇ ಹೆಚ್ಚು.

ಪ್ರಶ್ನೆ: ಮಕ್ಕಳ ಕಂಪ್ಯೂಟರನ್ನು ಫಾರ್ಮ್ಯಾಟ್ ಮಾಡಿಸಬೇಕು. ಮೈನ್‌ಕ್ರಾಫ್ಟ್‌ನಲ್ಲಿ ಎರಡು ವರ್ಷದಿಂದ ಕಟ್ಟಿದ ಊರೇ ಇದೆ. ಖಾತೆಗೆ ಮತ್ತೆ ಲಾಗಿನ್ ಆದರೆ ಅದು ವಾಪಸು ಬರುತ್ತದೆಯೇ? — ಗೃಹಿಣಿ, ಶಿರಸಿ

ಉತ್ತರ: ಮೈನ್‌ಕ್ರಾಫ್ಟ್‌ಗೆ ಜಾವಾ, ಬೆಡ್‌ರಾಕ್ ಎಂದು ಎರಡು ಆವೃತ್ತಿಗಳಿವೆ. ಜಾವಾ ಆವೃತ್ತಿಯಾದರೆ ಬರುವುದಿಲ್ಲ. ಖಾತೆಯಲ್ಲಿ ಇರುವುದು ಆಟ ಕೊಂಡಿದ್ದೀರಿ ಎಂಬ ದಾಖಲೆ ಮಾತ್ರ, ಊರು ಇರುವುದು ನಿಮ್ಮ ಡಿಸ್ಕಿನಲ್ಲಿ. ವಿಂಡೋಸ್ ಕೀ ಜೊತೆ ಆರ್ ಒತ್ತಿ, ಎರಡು ಶೇಕಡಾ ಚಿಹ್ನೆಗಳ ನಡುವೆ ‘ಆ್ಯಪ್‌ಡೇಟಾ’ ಎಂದು ಟೈಪ್ ಮಾಡಿ ಎಂಟರ್ ಹೊಡೆಯಿರಿ. ಮುಂದೆ ಚುಕ್ಕಿ ಇರುವ ‘.ಮೈನ್‌ಕ್ರಾಫ್ಟ್’ ಫೋಲ್ಡರ್ ಅಲ್ಲಿದೆ. ಅದರಿಂದ ಸೇವ್ಸ್, ರಿಸೋರ್ಸ್‌ಪ್ಯಾಕ್ಸ್, ಶೇಡರ್‌ಪ್ಯಾಕ್ಸ್, ಸ್ಕ್ರೀನ್‌ಶಾಟ್ಸ್ ಫೋಲ್ಡರುಗಳನ್ನೂ ಆಪ್ಷನ್ಸ್ ಎಂಬ ಟೆಕ್ಸ್ಟ್ ಫೈಲನ್ನೂ ಸರ್ವರುಗಳ ಪಟ್ಟಿ ಇರುವ ‘ಸರ್ವರ್ಸ್.ಡ್ಯಾಟ್’ ಅನ್ನೂ ಪೆನ್‌ಡ್ರೈವಿಗೆ ಹಾಕಿಕೊಳ್ಳಿ. ಮಾಡ್ (ಆಟಕ್ಕೆ ಬೇರೆಯವರು ಮಾಡಿದ ಸೇರ್ಪಡೆ) ಬಳಸುತ್ತಿದ್ದರೆ ಮಾಡ್ಸ್, ಕಾನ್ಫಿಗ್ ಕೂಡ. ಅಸೆಟ್ಸ್, ಲೈಬ್ರರೀಸ್, ವರ್ಷನ್ಸ್ ಬೇಡ, ಅವನ್ನು ಲಾಂಚರ್ ಮತ್ತೆ ಇಳಿಸಿಕೊಳ್ಳುತ್ತದೆ.

ಆಪ್ಷನ್ಸ್ ಫೈಲು ನೋಡಲು ಸರಳ, ಸಾಲಿಗೊಂದು ಸೆಟ್ಟಿಂಗ್. ಆಟವನ್ನು ಕನ್ನಡದಲ್ಲಿ ಇಟ್ಟುಕೊಂಡಿದ್ದರೆ ‘ಲ್ಯಾಂಗ್’ ಎಂಬ ಸಾಲಿನಲ್ಲಿ ‘ಕೆಎನ್_ಐಎನ್’ ಎಂದಿರುತ್ತದೆ. ಹೊಸ ಯಂತ್ರ ದುರ್ಬಲವಾಗಿದ್ದರೆ ಎಷ್ಟು ದೂರದವರೆಗೆ ಕಾಣಬೇಕೆಂದು ಹೇಳುವ ‘ರೆಂಡರ್‌ಡಿಸ್ಟೆನ್ಸ್’ ಸಾಲಿನ 12 ಅಥವಾ 16ನ್ನು ನೋಟ್‌ಪ್ಯಾಡಿನಲ್ಲೇ 8ಕ್ಕೆ ಇಳಿಸಿ, ಮಿಕ್ಕ ಸಾಲುಗಳು ಹಾಗೇ ಇರಲಿ.

ಕಾಪಿ ಮಾಡುವ ಮುನ್ನ ಆಟ ಮುಚ್ಚಿರಬೇಕು. ತೆರೆದಿರುವಾಗಲೇ ಮಾಡಿದರೆ ಅರ್ಧ ಹಳೆಯ, ಅರ್ಧ ಹೊಸ ಊರು ಸಿಗುತ್ತದೆ. ಮೈನ್‌ಕ್ರಾಫ್ಟ್ ಜಗತ್ತು ಒಂದೇ ಫೈಲಲ್ಲ. ರೀಜನ್ ಫೋಲ್ಡರಿನ ಒಂದೊಂದು ಫೈಲೂ ಉದ್ದಗಲ 512 ಬ್ಲಾಕುಗಳ ಒಂದು ತುಂಡು. ಎರಡು ತುಂಡುಗಳು ಬೇರೆ ಬೇರೆ ಹೊತ್ತಿನವಾದರೆ ಗಡಿಯ ಮೇಲಿದ್ದ ಮನೆ ಗರಗಸದಲ್ಲಿ ಕೊಯ್ದ ಹಾಗೆ ನೇರ ಗೆರೆಯಲ್ಲಿ ತುಂಡಾಗುತ್ತದೆ. ಪೆಟ್ಟಿಗೆಯ ಸಾಮಾನು ರೀಜನ್ ಫೈಲಿನಲ್ಲಿ, ಆಟಗಾರನ ಚೀಲ ಇನ್ನೊಂದು ಫೈಲಿನಲ್ಲಿ ಇರುವುದರಿಂದ ವಜ್ರಗಳು ಎರಡೂ ಕಡೆ ಕಾಣಿಸಬಹುದು, ಇಲ್ಲವೇ ಎರಡೂ ಕಡೆ ಮಾಯವಾಗಬಹುದು. ಜಗತ್ತಿನ ಪಟ್ಟಿಯಲ್ಲಿ ಎಡಿಟ್ ಒತ್ತಿ ‘ಮೇಕ್ ಬ್ಯಾಕಪ್’ ಕೊಟ್ಟರೆ ಜಿಪ್ ಮಾಡಿ ಬ್ಯಾಕಪ್ಸ್ ಫೋಲ್ಡರಿನಲ್ಲಿ ಇಡುತ್ತದೆ. ಮಕ್ಕಳಿಗೆ ಕಲಿಸಲು ಇದೇ ಸುಲಭ. ಬೆಡ್‌ರಾಕ್ ಆವೃತ್ತಿಯಾದರೆ ಅಲ್ಲೇ ‘ಎಕ್ಸ್‌ಪೋರ್ಟ್ ವರ್ಲ್ಡ್’ ಇದೆ.

ಮರಳಿ ಹಾಕುವಾಗ ಮೊದಲಿದ್ದ ಆವೃತ್ತಿಯನ್ನೇ ಹಾಕಿ ತೆರೆಯಿರಿ. ಹೊಸ ಆವೃತ್ತಿಯಲ್ಲಿ ಒಮ್ಮೆ ತೆರೆದ ಜಗತ್ತನ್ನು ಹಳೆಯದರಲ್ಲಿ ತೆರೆದರೆ ಕೆಡುತ್ತದೆ.

ಪ್ರಶ್ನೆ: ಜಿಟಿಎ 5ರ ಸೆಟ್ಟಿಂಗ್ಸ್ ಫೈಲನ್ನು ಹೊಸ ಪಿಸಿಗೆ ಹಾಕಿದೆ. ಆಟ ಅದನ್ನು ಮೂಸಿಯೂ ನೋಡುತ್ತಿಲ್ಲ. — ಹುಬ್ಬಳ್ಳಿ

ಉತ್ತರ: ನೋಡಿದೆ, ಒಪ್ಪಲಿಲ್ಲ ಅಷ್ಟೇ. ಡಾಕ್ಯುಮೆಂಟ್ಸ್, ರಾಕ್‌ಸ್ಟಾರ್ ಗೇಮ್ಸ್, ಜಿಟಿಎ 5 ಫೋಲ್ಡರಿನ ‘ಸೆಟ್ಟಿಂಗ್ಸ್.ಎಕ್ಸ್‌ಎಮ್‌ಎಲ್’ ತೆರೆದು ಕೊನೆಗೆ ಬನ್ನಿ, ಹಳೆಯ ಗ್ರಾಫಿಕ್ಸ್ ಕಾರ್ಡಿನ ಹೆಸರು ಪೂರ್ತಿಯಾಗಿ ಬರೆದಿರುತ್ತದೆ. ಅದು ಈಗಿನ ಕಾರ್ಡಿಗೆ ಹೊಂದದು. ಆ ಫೈಲನ್ನು ಒಯ್ಯುವುದು ಬಿಡಿ, ಪಕ್ಕದ ಪ್ರೊಫೈಲ್ಸ್ ಫೋಲ್ಡರ್ ಒಯ್ಯಿರಿ. ಕಥೆಯ ಸೇವ್‌ಗಳು ಅದರಲ್ಲಿವೆ.

ಪ್ರಶ್ನೆ: ಸಣ್ಣ ತಂಡವೊಂದು ಮಾಡಿದ ಆಟ. ಸೆಟ್ಟಿಂಗ್ಸ್ ಎಲ್ಲಿಟ್ಟಿದೆಯೋ ಗೊತ್ತಾಗುತ್ತಿಲ್ಲ. ಡಾಕ್ಯುಮೆಂಟ್ಸ್, ಆ್ಯಪ್‌ಡೇಟಾ ಎಲ್ಲ ಜಾಲಾಡಿದೆ. — ಎಂಜಿನಿಯರಿಂಗ್ ವಿದ್ಯಾರ್ಥಿ, ಸುರತ್ಕಲ್

ಉತ್ತರ: ಯೂನಿಟಿ ಎಂಬ, ಆಟ ಕಟ್ಟುವ ಸಾಫ್ಟ್‌ವೇರ್ ಎಂಜಿನ್ನಿನ ಆಟ ಇರಬೇಕು. ಅಂಥ ಆಟಗಳ ಸೇವ್ ಸಾಮಾನ್ಯವಾಗಿ ಆ್ಯಪ್‌ಡೇಟಾದ ‘ಲೋಕಲ್‌ಲೋ’ ಎಂಬ ಮೂರನೆಯ, ಯಾರೂ ಇಣುಕದ ಫೋಲ್ಡರಿನಲ್ಲಿರುತ್ತದೆ. ಸೆಟ್ಟಿಂಗ್ಸ್ ಅನೇಕ ಸಲ ಫೈಲೇ ಅಲ್ಲ, ವಿಂಡೋಸ್ ರಿಜಿಸ್ಟ್ರಿಯಲ್ಲಿ (ವಿಂಡೋಸ್ ಸೆಟ್ಟಿಂಗ್ಸ್ ಇಟ್ಟುಕೊಳ್ಳುವ ಉಗ್ರಾಣ) ಕೂತಿರುತ್ತದೆ. ರೆಜ್‌ಎಡಿಟ್ ತೆರೆದು ಹೆಚ್‌ಕೀ ಕರೆಂಟ್ ಯೂಸರ್, ಸಾಫ್ಟ್‌ವೇರ್, ಆಮೇಲೆ ತಯಾರಕರ ಹೆಸರು, ಆಟದ ಹೆಸರು. ಅದರ ಮೇಲೆ ಬಲ ಕ್ಲಿಕ್ ಮಾಡಿ ಎಕ್ಸ್‌ಪೋರ್ಟ್ ಕೊಡಿ. ಸಿಕ್ಕ ಫೈಲನ್ನು ನೋಟ್‌ಪ್ಯಾಡಿನಲ್ಲಿ ತೆರೆದು ‘ಸ್ಕ್ರೀನ್‌ಮ್ಯಾನೇಜರ್’ ಎಂದು ಆರಂಭವಾಗುವ ಸಾಲುಗಳನ್ನು ಅಳಿಸಿ, ಅವು ಹಳೆಯ ಪರದೆಯ ಅಗಲ, ಎತ್ತರ, ಫುಲ್‌ಸ್ಕ್ರೀನ್ ಲೆಕ್ಕ. ಉಳಿದದ್ದನ್ನು ಇನ್ನೊಂದು ಕಂಪ್ಯೂಟರಿನಲ್ಲಿ ಡಬಲ್ ಕ್ಲಿಕ್ ಮಾಡಿದರೆ ಸೇರಿಕೊಳ್ಳುತ್ತದೆ.

ಇಂಥ ಆಟಗಳು ಹತ್ತಾರು ಇದ್ದರೆ ಲುಡುಸಾವಿ ಎಂಬ ಉಚಿತ ಸಾಧನ ಹಾಕಿಕೊಳ್ಳಿ. ಯಾವ ಆಟ ಎಲ್ಲಿ ಏನಿಡುತ್ತದೆ ಎಂಬ ಮಾಹಿತಿಯನ್ನು ಅದು ಪಿಸಿಗೇಮಿಂಗ್‌ವಿಕಿ ಎಂಬ ಜಾಲತಾಣದಿಂದ ಪಡೆಯುತ್ತದೆ, ರಿಜಿಸ್ಟ್ರಿಯನ್ನೂ ಬ್ಯಾಕಪ್ ಮಾಡುತ್ತದೆ. ಮೊದಲು ‘ಪ್ರಿವ್ಯೂ’ ಒತ್ತಿ ಪಟ್ಟಿ ನೋಡಿಕೊಂಡು ಆಮೇಲೆ ‘ಬ್ಯಾಕಪ್’ ಒತ್ತಿ.

ಪ್ರಶ್ನೆ: ಪೆನ್‌ಡ್ರೈವ್ ಸಹವಾಸ ಸಾಕಾಗಿದೆ. ಎರಡು ಕಂಪ್ಯೂಟರುಗಳ ನಡುವೆ ತಾನಾಗಿಯೇ ಸಿಂಕ್ ಆಗುವಂತೆ ಮಾಡಬಹುದೇ? — ಬೆಂಗಳೂರು

ಉತ್ತರ: ಮಾಡಬಹುದು. ಎರಡೂ ಒಂದೇ ಮನೆಯಲ್ಲಿದ್ದರೆ ಸಿಂಕ್‌ಥಿಂಗ್ ಎಂಬ ಸಾಧನ ಒಳ್ಳೆಯದು. ಉಚಿತ, ನಡುವೆ ಯಾರ ಸರ್ವರಿನಲ್ಲೂ ಫೈಲು ಉಳಿಯುವುದಿಲ್ಲ. ಆದರೆ ಎರಡೂ ಒಂದೇ ಹೊತ್ತಿಗೆ ಆನ್ ಇದ್ದರೆ ಮಾತ್ರ ಕೆಲಸ. ಒಂದು ಊರಿನಲ್ಲಿ ಆಫ್ ಮಾಡಿ ಇನ್ನೊಂದು ಊರಿನಲ್ಲಿ ತೆರೆಯುವವರಿಗೆ ಗೂಗಲ್ ಡ್ರೈವ್ ಅಥವಾ ಒನ್‌ಡ್ರೈವ್ ವಾಸಿ. ಸೆಟ್ಟಿಂಗ್ಸ್‌ಗೆ ಬೇಕಾದದ್ದು ಕೆಲವೇ ಎಂಬಿ, ಉಚಿತ ಜಾಗವೇ ಧಾರಾಳ.

ಆಟಗಳು ತಮ್ಮ ಫೋಲ್ಡರಿನ ಜಾಗ ಬದಲಿಸಲು ಬಿಡುವುದಿಲ್ಲವಲ್ಲ, ಅದಕ್ಕೆ ಜಂಕ್ಷನ್, ಅಂದರೆ ಹಳೆಯ ಜಾಗದಿಂದ ಹೊಸ ಜಾಗಕ್ಕೆ ಕರೆದೊಯ್ಯುವ ಕೊಂಡಿ ಬೇಕು. ಮೊದಲು ಫೋಲ್ಡರಿನ ಒಂದು ಪ್ರತಿಯನ್ನು ಬೇರೆಡೆ ತೆಗೆದಿಡಿ. ಮೂಲ ಫೋಲ್ಡರನ್ನು ಕಟ್ ಮಾಡಿ ಡ್ರೈವಿನ ಫೋಲ್ಡರಿಗೆ ಪೇಸ್ಟ್ ಮಾಡಿ. ಆಮೇಲೆ ಕಮಾಂಡ್ ಪ್ರಾಂಪ್ಟಿನಲ್ಲಿ ‘ಎಂಕೆಲಿಂಕ್ /ಜೆ’, ಜಾಗ ಬಿಟ್ಟು ಉದ್ಧರಣ ಚಿಹ್ನೆಯೊಳಗೆ ಹಳೆಯ ವಿಳಾಸ, ಮತ್ತೆ ಜಾಗ ಬಿಟ್ಟು ಹಾಗೆಯೇ ಹೊಸ ವಿಳಾಸ. ಹಳೆಯದು ಮೊದಲು, ಹೊಸದು ಆಮೇಲೆ, ತಿರುವುಮುರುವಾದರೆ ಆಗುವುದಿಲ್ಲ. ಹಳೆಯ ಜಾಗದಲ್ಲಿ ಅದೇ ಹೆಸರಿನ ಫೋಲ್ಡರ್ ಇನ್ನೂ ಇದ್ದರೂ ಆಗುವುದಿಲ್ಲ. ಗೂಗಲ್ ಡ್ರೈವ್ ಬಳಸುವವರು ‘ಸ್ಟ್ರೀಮ್’ ಬದಲು ‘ಮಿರರ್’ ಆರಿಸಬೇಕು, ಸ್ಟ್ರೀಮ್‌ನಲ್ಲಿ ಫೈಲು ನಿಜವಾಗಿ ಡಿಸ್ಕಿನಲ್ಲಿ ಇರುವುದಿಲ್ಲ. ಒನ್‌ಡ್ರೈವಿನಲ್ಲಿ ಫೋಲ್ಡರಿಗೆ ‘ಆಲ್ವೇಸ್ ಕೀಪ್ ಆನ್ ದಿಸ್ ಡಿವೈಸ್’ ಕೊಡಿ. ಮುಂದೆ ಬೇಡವಾದಾಗ ಮೊದಲು ಜಂಕ್ಷನ್ ತೆಗೆದು, ನಿಜವಾದ ಫೋಲ್ಡರನ್ನು ಮರಳಿ ತಂದಿಡಿ.

ಕೆಡುವುದು ಸಾಮಾನ್ಯವಾಗಿ ಎರಡು ಕಡೆ. ಒಂದು, ಆಟ ಮುಚ್ಚಿದ ಕೂಡಲೇ ಲ್ಯಾಪ್‌ಟಾಪ್ ಮಡಚುವುದು. ಅಪ್‌ಲೋಡ್ ಆಗಿಲ್ಲ, ಇನ್ನೊಂದು ಕಡೆ ಹಳೆಯದರಲ್ಲೇ ಆಡುತ್ತೀರಿ, ಈಗ ಎರಡೂ ‘ಹೊಸವು’. ಸಿಂಕ್‌ಥಿಂಗ್ ಆದರೆ ಸೋತ ಫೈಲಿನ ಹೆಸರಿಗೆ ‘ಸಿಂಕ್-ಕಾನ್‌ಫ್ಲಿಕ್ಟ್’ ಮತ್ತು ದಿನಾಂಕ ಸೇರಿಸಿ ಪಕ್ಕದಲ್ಲಿಡುತ್ತದೆ, ಪೂರ್ತಿ ಕಳೆದುಹೋಗುವುದಿಲ್ಲ. ಅದರಲ್ಲಿ ‘ಫೈಲ್ ವರ್ಷನಿಂಗ್’ ಕೂಡ ಹಾಕಿಡಿ, ಏಕೆಂದರೆ ಸಿಂಕ್ ಎಂದರೆ ಬ್ಯಾಕಪ್ ಅಲ್ಲ: ಇಲ್ಲಿ ಅಳಿಸಿದ್ದು ಅಲ್ಲೂ ಅಳಿಯುತ್ತದೆ. ಇನ್ನೊಂದು, ಹಳೆಯ ಡೆಸ್ಕ್‌ಟಾಪಿನ ಗಡಿಯಾರ. ಮದರ್‌ಬೋರ್ಡಿನ ನಾಣ್ಯದಂಥ ಸಿಆರ್2032 ಸೆಲ್ ಸತ್ತಿದ್ದರೆ ಕರೆಂಟ್ ಹೋಗಿ ಬಂದಾಗ ದಿನಾಂಕ ಹಲವು ವರ್ಷ ಹಿಂದಕ್ಕೆ ಹೋಗುತ್ತದೆ, ನಿನ್ನೆ ಆಡಿದ ಫೈಲೇ ಹಳೆಯದು ಎಂಬ ತೀರ್ಮಾನವಾಗುತ್ತದೆ. ಸೆಲ್ ಬದಲಿಸುವುದು ಐದು ನಿಮಿಷದ ಕೆಲಸ.

ಸ್ಟೀಮ್ ಕ್ಲೌಡ್ ಇರುವ ಆಟದ ಫೋಲ್ಡರನ್ನು ಇದಕ್ಕೆ ಸೇರಿಸಬೇಡಿ. ಒಂದು ಫೈಲಿಗೆ ಇಬ್ಬರು ಯಜಮಾನರಾಗುತ್ತಾರೆ.

ಪ್ರಶ್ನೆ: ಗೇಮಿಂಗ್ ಕೆಫೆಯಲ್ಲಿ ಪ್ರತಿ ಸಲ ಮೊದಲಿಂದ ಸೆಟ್ ಮಾಡಬೇಕು. ದಾರಿ ಇದೆಯೇ?

ಉತ್ತರ: ಅನೇಕ ಕೆಫೆಗಳ ಯಂತ್ರಗಳು ರೀಸ್ಟಾರ್ಟ್ ಆದ ಕೂಡಲೇ ಮೊದಲಿನ ಸ್ಥಿತಿಗೆ ಮರಳುವಂತೆ ಇರುತ್ತವೆ, ಅಲ್ಲಿ ಉಳಿಸಿದ್ದು ಉಳಿಯುವುದಿಲ್ಲ. ವ್ಯಾಲರಂಟ್‌ನಲ್ಲಿ ಕೀ, ಸೆನ್ಸಿಟಿವಿಟಿ, ಕ್ರಾಸ್‌ಹೇರ್ ಖಾತೆಯೊಂದಿಗೇ ಬರುತ್ತವೆ, ವಿಡಿಯೊ ಭಾಗವನ್ನಷ್ಟೇ ಹೊಂದಿಸಿ. ಕೌಂಟರ್ ಸ್ಟ್ರೈಕ್‌ಗೆ ಆಟೊಎಕ್ಸೆಕ್ ಫೈಲನ್ನೂ ಕ್ರಾಸ್‌ಹೇರ್ ಕೋಡನ್ನೂ ನಿಮ್ಮ ಮೇಲ್‌ಗೇ ಕಳಿಸಿಟ್ಟುಕೊಳ್ಳಿ. ಮೌಸ್ ನಿಮ್ಮದನ್ನೇ ಒಯ್ಯಿರಿ. ಒಳಗೇ ಮೆಮೊರಿ ಇರುವಂಥದ್ದಾದರೆ ಡಿಪಿಐ ಅದರಲ್ಲೇ ಉಳಿದಿರುತ್ತದೆ. ಲಾಗಿನ್ ಪರದೆಯ ‘ರಿಮೆಂಬರ್ ಮೀ’ ಟಿಕ್ ತೆಗೆದಿರಿ, ಎದ್ದು ಹೋಗುವಾಗ ಕಿಟಕಿ ಮುಚ್ಚಿದರೆ ಸಾಲದು, ಸೈನ್ ಔಟ್ ಮಾಡಿ.