ಪುಷ್ಪನ್ ಮಲಗಿದ್ದ 30 ವರ್ಷ

ಪುತ್ತೂರಿನ ನಿವೃತ್ತ ಮಾಸ್ಟರೊಬ್ಬರು ಬರೆದಿದ್ದಾರೆ: “ಕಳೆದ ಸಂಚಿಕೆಯಲ್ಲಿ ಸಿಪಿಐ(ಎಂ) ಪಕ್ಷದ ಡಿವೈಎಫ್‌ಐ ಚರಿತ್ರೆಗೆ ನಾಲ್ಕು ಪುಟ ಸುರಿದಿದ್ದೀರಿ. ಪಕ್ಷದ ಯುವ ಸಂಘಟನೆಯೆಂದರೆ ಮುಂದಿನ ಮಂತ್ರಿಗಳ ನರ್ಸರಿ. ಉಳಿದ ಹುಡುಗರು ಬ್ಯಾನರ್ ಕಟ್ಟಲಿಕ್ಕೆ, ಪೆಟ್ಟು ತಿನ್ನಲಿಕ್ಕೆ. ಇದಕ್ಕೂ ಒಂದು ಚರಿತ್ರೆಯೇ?”

ಮಾಸ್ಟ್ರೇ, ನರ್ಸರಿಯ ಮಾತು ಸುಳ್ಳಲ್ಲ. 1980ರ ನವೆಂಬರಿನಲ್ಲಿ ಲೂಧಿಯಾನದಲ್ಲಿ ಸಂಘಟನೆ ಹುಟ್ಟಿದಾಗ ಅಧ್ಯಕ್ಷರಾದ ಇ.ಪಿ. ಜಯರಾಜನ್ ಮುಂದೆ ಕೇರಳದಲ್ಲಿ ಮಂತ್ರಿಯೇ ಆದರು. ಒಪ್ಪಿದೆ.

ಆದರೆ “ಉಳಿದ ಹುಡುಗರು” ಎಂದು ಬರೆದಿರಲ್ಲ, ಅದು ನನ್ನನ್ನು ಚುಚ್ಚಿತು. ನನ್ನ ಮಟ್ಟಿಗೆ ಚರಿತ್ರೆಯೆಲ್ಲ ಇರುವುದೇ ಅವರ ಹತ್ತಿರ. 1994ರ ನವೆಂಬರ್ 25, ಕಣ್ಣೂರು ಜಿಲ್ಲೆಯ ಕೂತುಪರಂಬ. ಸಹಕಾರಿ ಬ್ಯಾಂಕಿನ ಶಾಖೆ ಉದ್ಘಾಟಿಸಲು ಸಚಿವ ಎಂ.ವಿ. ರಾಘವನ್ ಬಂದಿದ್ದರು. ಒಂದು ಕಾಲಕ್ಕೆ ಅವರೂ ಅದೇ ಪಕ್ಷದ ದೊಡ್ಡ ನಾಯಕರು, ಆಮೇಲೆ ಉಚ್ಚಾಟಿತರು. ಶಿಕ್ಷಣದ ವ್ಯಾಪಾರೀಕರಣದ ವಿರುದ್ಧ ಕಪ್ಪು ಬಾವುಟ ಹಿಡಿದ ಡಿವೈಎಫ್‌ಐ ಹುಡುಗರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಐವರು ಸತ್ತರು. 24ರ ಹರೆಯದ ಪುಷ್ಪನ್ ಬೆನ್ನುಹುರಿಗೆ ಗುಂಡು ಬಿತ್ತು. ಕತ್ತಿನಿಂದ ಕೆಳಗೆ ಮೈ ಸತ್ತುಹೋಯಿತು. ಆಮೇಲೆ ಹೆಚ್ಚುಕಡಿಮೆ 30 ವರ್ಷ ಹಾಸಿಗೆ. 2024ರ ಸೆಪ್ಟೆಂಬರ್ 28ರಂದು ತೀರಿಕೊಂಡರು. ಮರುವರ್ಷವೇ ಅವರ ಪಕ್ಷದ ಸರ್ಕಾರ ಖಾಸಗಿ ವಿಶ್ವವಿದ್ಯಾಲಯಗಳ ಮಸೂದೆ ಪಾಸು ಮಾಡಿತು. ಇದನ್ನು ಬರೆಯುವಾಗ ನನ್ನ ಕೈ ತಡೆಯುತ್ತದೆ. ಆದರೆ ಆ ಲೆಕ್ಕ ಕೇಳಬೇಕಾದ್ದು ಮಸೂದೆ ತಂದವರನ್ನು, ಮಲಗಿದ್ದವರನ್ನಲ್ಲ.

ಇನ್ನೊಂದು ಹೇಳುತ್ತೇನೆ. ಕೆಲವು ವರ್ಷಗಳ ಹಿಂದೆ ನನ್ನ ಭಾವನನ್ನು ಕೋಝಿಕ್ಕೋಡ್ ಮೆಡಿಕಲ್ ಕಾಲೇಜಿಗೆ ಸೇರಿಸಿದ್ದೆವು. ಮಧ್ಯಾಹ್ನ ಡಿವೈಎಫ್‌ಐ ಹುಡುಗರು ಊಟದ ಪೊಟ್ಟಣ ಹಂಚುತ್ತಿದ್ದರು. ಅಲ್ಲಿನವರು ಪೊದಿಚೋರು ಎನ್ನುತ್ತಾರೆ. ಬಾಡಿಸಿದ ಬಾಳೆಲೆ ಬಿಡಿಸಿದರೆ ಕುಸುಬಲಕ್ಕಿ ಅನ್ನ, ಮೂಲೆಯಲ್ಲಿ ಚಟ್ನಿ, ಒಂದು ಆಮ್ಲೆಟ್. ಹೋಟೆಲಿನದಲ್ಲ, ಊರಿನ ಮನೆಮನೆಗೆ ಮೊದಲೇ ಹೇಳಿಟ್ಟು, ಬೆಳಿಗ್ಗೆ ಹೋಗಿ ಸಂಗ್ರಹಿಸಿ ತಂದದ್ದು. ಯಾವ ಪಕ್ಷ, ಯಾವ ಜಾತಿ ಎಂದು ಯಾರೂ ನಮ್ಮನ್ನು ಕೇಳಲಿಲ್ಲ. ನನ್ನಕ್ಕ ಎಲೆ ಮಡಚಿ ಸುಮ್ಮನೆ ಕೂತಿದ್ದಳು. ಅದೇ ಸಂಘಟನೆಯ ಹುಡುಗರು 2020ರಲ್ಲಿ ಮನೆಮನೆಯ ಗುಜರಿ ಹೊತ್ತು ಮಾರಿ ಮುಖ್ಯಮಂತ್ರಿಗಳ ಪರಿಹಾರ ನಿಧಿಗೆ 10 ಕೋಟಿ ರೂಪಾಯಿಗೂ ಹೆಚ್ಚು ಕೊಟ್ಟರು. ಇವರಲ್ಲಿ ಎಷ್ಟು ಮಂದಿ ಮಂತ್ರಿಯಾದಾರು, ಹೇಳಿ?

ಮಕ್ಕಳಿಗೆ ಜೀವಮಾನವಿಡೀ ಚರಿತ್ರೆ ಹೇಳಿಕೊಟ್ಟ ನೀವೇ ಹೀಗೆ ಬರೆದರೆ ಹೇಗೆ? 1943ರ ಮಾರ್ಚ್ 29ರಂದು ಕಣ್ಣೂರು ಜೈಲಿನಲ್ಲಿ ನೇಣಿಗೇರಿದ ಕಯ್ಯೂರಿನ ರೈತ ಹೋರಾಟದ ನಾಲ್ವರು ಆಗ ನಿಮ್ಮದೇ ದಕ್ಷಿಣ ಕನ್ನಡ ಜಿಲ್ಲೆಯವರು. ಅಪ್ಪು, ಚಿರುಕಂಡನ್, ಕುಞಂಬು ನಾಯರ್, ಅಬೂಬಕರ್. ನಿರಂಜನರು ‘ಚಿರಸ್ಮರಣೆ’ ಕಾದಂಬರಿ ಬರೆಯದೆ ಹೋಗಿದ್ದರೆ ಕನ್ನಡದವರಿಗೆ ಕಯ್ಯೂರು ಬಸ್ಸಿನ ಬೋರ್ಡಿನ ಮೇಲಿನ ಹೆಸರಷ್ಟೇ ಆಗಿರುತ್ತಿತ್ತು. ನಮ್ಮಲ್ಲಿ ಯುವಕ ಮಂಡಲಗಳು, ಬೀಡಿ ಕಾರ್ಮಿಕರ ಸಂಘಗಳು, ವಿದ್ಯಾರ್ಥಿ ಸಂಘಟನೆಗಳು ಎಷ್ಟಿದ್ದವು! ಅವುಗಳ ನಡಾವಳಿ ಪುಸ್ತಕ ಎಲ್ಲಿ? ಕರಪತ್ರ ಎಲ್ಲಿ? ಹೆಚ್ಚಿನವು ಹಳೇ ಪೇಪರಿನ ಜೊತೆ ತೂಕಕ್ಕೆ ಹೋದವು. ಮಠಾಧೀಶರ, ಮಂತ್ರಿಗಳ ಅಭಿನಂದನ ಗ್ರಂಥಗಳು ಮಾತ್ರ ರಟ್ಟಿನ ಹೊದಿಕೆಯಲ್ಲಿ ಭದ್ರವಾಗಿವೆ.

ಹುಡುಗರಾಗಿದ್ದಾಗ ನೀವೂ ಒಂದು ಸಂಘದಲ್ಲಿ ಇದ್ದಿರೆಂದು ಪತ್ರದ ಕೊನೆಗೆ ಬರೆದಿದ್ದೀರಿ. ನಿಮ್ಮ ಅಟ್ಟದಲ್ಲಿ ಆ ಕಾಲದ ರಸೀದಿ ಪುಸ್ತಕ, ನೋಟಿಸು, ಒಂದು ಗ್ರೂಪ್ ಫೋಟೋ ಏನಾದರೂ ಉಳಿದಿದ್ದರೆ ಕಳಿಸಿಕೊಡಿ. ಫೋಟೋದ ಹಿಂದೆ ಎಲ್ಲರ ಹೆಸರೂ ಬರೆದಿರಲಿ. ಅಂಚೆ ಖರ್ಚು ನಮ್ಮದು.